ಮನೆಗಿಂತ ಮೊದಲೇ ಇದ್ದ ಗೆದ್ದಲು

ಭರಣಿ ಮಳೆ ಬಿದ್ದ ಸಂಜೆ ತುಮಕೂರಿನ ಶಿರಾ ಗೇಟಿನಲ್ಲಿ ದೀಪಗಳ ಸುತ್ತ ಮೋಡ ಕಟ್ಟುತ್ತದೆ. ಹಗಲೆಲ್ಲ ಕಾದ ಕೆಮ್ಮಣ್ಣು ಒಂದು ಹದ ನೆನೆದು, ಮಳೆ ನಿಂತು, ಗಾಳಿ ತಣ್ಣಗಾಗುವ ಹೊತ್ತಿಗೆ ನೆಲದ ಸಂದುಗಳಿಂದ ರೆಕ್ಕೆಹುಳುಗಳು ಹೊಗೆಯಂತೆ ಏಳುತ್ತವೆ. ಅಂಗಡಿಯವರು ಮುಂದಿನ ದೀಪ ಆರಿಸುತ್ತಾರೆ. ಮನೆಗಳಲ್ಲಿ ಒಂದೇ ಟ್ಯೂಬ್‌ಲೈಟ್ ಉಳಿಸಿಕೊಂಡು ಅದರ ಕೆಳಗೆ ನೀರಿನ ತಟ್ಟೆ ಇಡುತ್ತಾರೆ. ಹಲ್ಲಿಗಳಿಗೆ ಹಬ್ಬ. ಬೆಳಗ್ಗೆ ಗುಡಿಸಿದರೆ ಮೊರದ ತುಂಬ ಈರುಳ್ಳಿಯ ತೆಳು ಸಿಪ್ಪೆಯಂಥ ರೆಕ್ಕೆಗಳು.

ಹಳ್ಳಿಯವರು ಇವನ್ನು ಈಸಲು ಹುಳ ಎನ್ನುತ್ತಾರೆ, ಪೇಟೆಯವರು ಮಳೆಹುಳು. ಬಯಲುಸೀಮೆಯ ಕೆಲವೆಡೆ ಇವನ್ನು ಹಿಡಿದು ಹುರಿದು ತಿನ್ನುವ ರೂಢಿಯೂ ಇದೆ. ಇವು ಬೇರೆ ಯಾವುದೋ ಹುಳುವಲ್ಲ, ಗೂಡು ಬಿಟ್ಟು ಹೊಸ ಸಂಸಾರ ಹೂಡಲು ಹೊರಟ ಗೆದ್ದಲಿನ ಗಂಡು ಹೆಣ್ಣುಗಳು. ಒಂದೇ ರಾತ್ರಿಯ ಹಾರಾಟ. ನೆಲಕ್ಕಿಳಿದು ರೆಕ್ಕೆ ಕಳಚಿ, ಹೆಣ್ಣು ಮುಂದೆ ಗಂಡು ಹಿಂದೆ ಹರಿಯುತ್ತಾ ಮಣ್ಣಿನ ಬಿರುಕು ಹುಡುಕುತ್ತವೆ. ಸಾವಿರಾರು ಜೋಡಿಗಳಲ್ಲಿ ಉಳಿಯುವುದು ಬೆರಳೆಣಿಕೆ. ಉಳಿದದ್ದು ಮಾತ್ರ ಭೂಮಿಯೊಳಗೆ ರಾಜ, ರಾಣಿಯಾಗಿ ವರ್ಷಗಟ್ಟಲೆ ಬಾಳುತ್ತದೆ.

ಮನೆಯವರ ಪಾಲಿಗೆ ಈ ರೆಕ್ಕೆಗಳು ವರ್ಷಕ್ಕೊಮ್ಮೆ ಬರುವ ಪತ್ರ. ಅದನ್ನು ಓದುವುದು ಕಷ್ಟವಲ್ಲ. ತೆರೆದ ಕಿಟಕಿಯ ಬಳಿ, ದೀಪದ ಕೆಳಗೆ ಬಿದ್ದಿದ್ದರೆ ಹೊರಗಿನಿಂದ ಬೆಳಕಿಗೆ ಬಂದದ್ದು, ಗಾಬರಿ ಬೇಡ. ಮುಚ್ಚಿದ ಕೋಣೆಯಲ್ಲಿ, ಬಾಗಿಲ ಚೌಕಟ್ಟಿನ ಬುಡದಲ್ಲಿ, ದೇವರ ಮನೆಯ ಮೂಲೆಯಲ್ಲಿ ರೆಕ್ಕೆಯ ಗುಪ್ಪೆ ಕಂಡರೆ ಹುಳು ಹೊರಟದ್ದು ಮನೆಯೊಳಗಿನಿಂದಲೇ. ರೆಕ್ಕೆಯ ಇರುವೆಗೂ ಇದಕ್ಕೂ ಗೊಂದಲವಾಗುವುದುಂಟು. ಇರುವೆಯ ನಡು ಸಣ್ಣ, ಮೀಸೆ ಮೊಣಕೈಯಂತೆ ಮಡಿಸಿರುತ್ತದೆ, ಮುಂದಿನ ರೆಕ್ಕೆ ಹಿಂದಿನದಕ್ಕಿಂತ ದೊಡ್ಡದು. ಗೆದ್ದಲಿನ ಮೈ ಒಂದೇ ದಪ್ಪ, ಮೀಸೆ ನೇರ, ನಾಲ್ಕೂ ರೆಕ್ಕೆ ಒಂದೇ ಉದ್ದ. ಅಷ್ಟಕ್ಕೂ ಇವೆರಡೂ ನೆಂಟರಲ್ಲ. ಗೆದ್ದಲಿನ ಹತ್ತಿರದ ಸಂಬಂಧಿ ಜಿರಳೆ. ಜೀನುಗಳ ಅಧ್ಯಯನದ ಮೇಲೆ ವಿಜ್ಞಾನಿಗಳು 2007ರಿಂದೀಚೆಗೆ ಗೆದ್ದಲನ್ನು ಜಿರಳೆಯ ಗಣಕ್ಕೇ ಸೇರಿಸಿದ್ದಾರೆ.

ತುಮಕೂರು ಜಿಲ್ಲೆಗೆ ಕಲ್ಪತರು ನಾಡು ಎಂಬ ಹೆಸರು ಬಂದದ್ದು ತೆಂಗಿನಿಂದ. ಗುಬ್ಬಿಯ ಕಡೆ ಹೋದರೂ ಕುಣಿಗಲ್ ಕಡೆ ಹೋದರೂ ತೆಂಗಿನ ತೋಟ, ರಾಗಿ ಹೊಲ, ನಡುನಡುವೆ ಆಳೆತ್ತರದ ಹುತ್ತ. ಆ ಹುತ್ತಕ್ಕೆ ನಾಗರ ಪಂಚಮಿಯಲ್ಲಿ ಹಾಲೆರೆದು ತನಿ ಹಾಕುತ್ತೇವೆ, ಉಳುವಾಗ ನೇಗಿಲು ಬಳಸಿಕೊಂಡು ಹೋಗುತ್ತದೆ. ಹಾವು ಅಲ್ಲಿ ಬರೀ ಬಾಡಿಗೆದಾರ, ಕಟ್ಟಿದ್ದು ಗೆದ್ದಲು. ನಗರ ಬೆಳೆದಂತೆ ಇದೇ ತೋಟ, ಇದೇ ಹೊಲ ಸೈಟುಗಳಾದವು. ಜೆಸಿಬಿ ಹುತ್ತದ ಗೋಪುರವನ್ನು ಒಂದೇ ಏಟಿಗೆ ಕೆಡವುತ್ತದೆ. ಆದರೆ ರಾಣಿಯ ಕೋಣೆ ಗೋಪುರದಲ್ಲಿ ಇರುವುದಿಲ್ಲ, ನೆಲದ ಮಟ್ಟದಲ್ಲೋ ಅದಕ್ಕಿಂತ ಕೆಳಗೋ ಗಟ್ಟಿ ಮಣ್ಣಿನ ಗುಮ್ಮಟದೊಳಗೆ ಇರುತ್ತದೆ. ಮೇಲೆ ಪಾಯ ಎದ್ದಿತು, ಗೃಹಪ್ರವೇಶ ಆಯಿತು, ಕೆಳಗಿನ ಸಂಸಾರ ಹಾಗೇ ನಡೆದಿತ್ತು.

ಜಗತ್ತಿನ ಬೇರೆ ಕೆಲವೆಡೆ ಗೆದ್ದಲಿನ ಕತೆ ಹೀಗಿಲ್ಲ. ಅಲ್ಲಿ ಗೆದ್ದಲು ವಲಸೆ ಬಂದ ಶತ್ರು. ಎರಡನೇ ಮಹಾಯುದ್ಧ ಮುಗಿದು ಪೂರ್ವ ಏಷ್ಯಾದಿಂದ ಅಮೆರಿಕಕ್ಕೆ ಮರಳಿದ ಹಡಗುಗಳ ಮರದ ಪೆಟ್ಟಿಗೆಗಳಲ್ಲಿ ಫಾರ್ಮೋಸಾ ಗೆದ್ದಲು ಹೋಯಿತು. 1960ರ ದಶಕದಲ್ಲಿ ಅದು ಹ್ಯೂಸ್ಟನ್, ನ್ಯೂ ಆರ್ಲಿಯನ್ಸ್ ನಗರಗಳಲ್ಲಿ ಪತ್ತೆಯಾಯಿತು. ನ್ಯೂ ಆರ್ಲಿಯನ್ಸಿನ ಹಳೆಯ ಫ್ರೆಂಚ್ ಬಡಾವಣೆಯನ್ನು ಉಳಿಸಿಕೊಳ್ಳಲು 1998ರಲ್ಲಿ ಸರ್ಕಾರವೇ ದೊಡ್ಡ ಕಾರ್ಯಾಚರಣೆ ಹೂಡಬೇಕಾಯಿತು. ಅದರ ಸೋದರ ಜಾತಿಯಾದ ಏಷ್ಯಾ ಗೆದ್ದಲು 1996ರಲ್ಲಿ ಮಯಾಮಿಯಲ್ಲಿ ಕಾಣಿಸಿಕೊಂಡಿತು. ಇವೆರಡೂ ಅಲ್ಲಿ ಕೂಡಿ ಮಿಶ್ರತಳಿಯ ಗೂಡು ಕಟ್ಟಬಲ್ಲವು ಎಂದು ಫ್ಲಾರಿಡಾ ವಿಶ್ವವಿದ್ಯಾಲಯದ ವಿಜ್ಞಾನಿಗಳು 2015ರಲ್ಲಿ ತೋರಿಸಿದರು. ಟೆಕ್ಸಾಸ್, ಫ್ಲಾರಿಡಾಗಳಲ್ಲಿ ಮನೆ ಕೊಳ್ಳುವ ಕನ್ನಡ ಕುಟುಂಬಗಳಿಗೆ ಗೆದ್ದಲು ತಪಾಸಣೆಯ ವರದಿ ಹೊಸ ಮಾತಲ್ಲ. 2013ರಲ್ಲಿ ಪ್ರಕಟವಾದ ಒಂದು ಸಮೀಕ್ಷೆ, ಹೀಗೆ ಹೊಸ ನಾಡುಗಳಿಗೆ ನುಗ್ಗಿ ನೆಲೆಯೂರಿದ 28 ಗೆದ್ದಲು ಜಾತಿಗಳನ್ನು ಪಟ್ಟಿ ಮಾಡಿತು. ಜಗತ್ತಿನಲ್ಲಿರುವ ಸುಮಾರು 3,000 ಜಾತಿಗಳಲ್ಲಿ ಇದು ಸಣ್ಣ ಪಾಲು.

ತುಮಕೂರಿನ ನೆಲದಲ್ಲಿ ಹೊಸಬರು ನಾವು. ಇಲ್ಲಿ ಬಾಗಿಲು ತಿನ್ನುವುದು ಈ ಮಣ್ಣಿನದೇ ಗೆದ್ದಲು. ಇದನ್ನು ಒಪ್ಪಿಕೊಂಡರೆ ಮನೆ ಕಾಯುವ ಲೆಕ್ಕಾಚಾರವೇ ಬದಲಾಗುತ್ತದೆ. ಊರಿನ ಗೆದ್ದಲನ್ನೆಲ್ಲ ಕೊಲ್ಲಲಾಗದು, ಕೊಲ್ಲಬೇಕಾದ್ದೂ ಇಲ್ಲ. ಅದು ಯಾವ ದಾರಿಯಲ್ಲಿ ಮರ ಮುಟ್ಟುತ್ತಿದೆ ಎಂದು ಪತ್ತೆಹಚ್ಚಿ ಆ ದಾರಿಯನ್ನು ಕಡಿಯುವುದಷ್ಟೇ ಕೆಲಸ.

ನಮ್ಮ ಮನೆಗಳಿಗೆ ಬರುವ ಗೆದ್ದಲು ಮುಖ್ಯವಾಗಿ ಎರಡು ಬಗೆ. ಮೊದಲನೆಯದು ಹುತ್ತದ ಗೆದ್ದಲು, ಓಡೊಂಟೊಟರ್ಮಿಸ್ ಕುಲದ್ದು. ಇದು ರೈತ. ತಿಂದ ಮರ, ಎಲೆ, ಕಾಗದವನ್ನೆಲ್ಲ ಹುತ್ತದೊಳಗೆ ಒಯ್ದು ಜೇನುಗೂಡಿನಂಥ ತೋಟ ಮಾಡಿ ಶಿಲೀಂಧ್ರ ಬೆಳೆಯುತ್ತದೆ. ಮಳೆಗಾಲದಲ್ಲಿ ಹುತ್ತದ ಮೇಲೆ ಏಳುವ ರುಚಿಯಾದ ಅಣಬೆ ಇದೇ ತೋಟದ ಫಸಲು. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ರೆನೀ ಬೋರ್ಜಸ್, ತೇಜಸ್ ಮೂರ್ತಿ ಮತ್ತು ಅವರ ಸಂಗಡಿಗರು ಈ ಹುತ್ತದ ಮಣ್ಣನ್ನು ವರ್ಷಗಳ ಕಾಲ ಪರೀಕ್ಷಿಸಿದ್ದಾರೆ. ಗೆದ್ದಲು ಹದವಾದ ತೇವದ ಮಣ್ಣನ್ನು ಎಂಜಲಿನಲ್ಲಿ ಕಲೆಸಿ, ಎರಡು ಅಳತೆಯ ಉಂಡೆ ಕಟ್ಟಿ, ಇಟ್ಟಿಗೆಯಂತೆ ಜೋಡಿಸುತ್ತದೆ ಎಂದು ಅವರ 2017ರ ಪ್ರಬಂಧ ತೋರಿಸಿತು. ಹುತ್ತದ ಮಣ್ಣು ಪಕ್ಕದ ಬರಿ ಮಣ್ಣಿಗಿಂತ ಹಲವು ಪಟ್ಟು ಗಟ್ಟಿ.

ಎರಡನೆಯದು ಅಪ್ಪಟ ಮರಗೆಲಸಿ. ಕಾಪ್ಟೊಟರ್ಮಿಸ್, ಹೆಟೆರೊಟರ್ಮಿಸ್ ಎಂಬ ಕುಲಗಳ ಈ ಗೆದ್ದಲು ಹುತ್ತ ಎಬ್ಬಿಸುವುದಿಲ್ಲ. ಮಣ್ಣಿನೊಳಗೆ, ಹಳೆಯ ಬೊಡ್ಡೆಯಲ್ಲಿ, ಒದ್ದೆ ಗೋಡೆಯ ಟೊಳ್ಳಿನಲ್ಲಿ ಗುಟ್ಟಾಗಿ ಇರುತ್ತದೆ. ಕಾಪ್ಟೊಟರ್ಮಿಸ್ ಸೈನಿಕನನ್ನು ಕಡ್ಡಿಯಿಂದ ಕೆಣಕಿದರೆ ಹಣೆಯಿಂದ ಹಾಲಿನಂಥ ಬಿಳಿ ಅಂಟು ಒಸರುತ್ತದೆ, ಅದೇ ಗುರುತು. ನೀರಿನ ಪೈಪು ಸೋರುತ್ತಿದ್ದರೆ ಇದು ನೆಲದ ನಂಟನ್ನೇ ಬಿಟ್ಟು ಮಹಡಿಯ ಮೇಲೂ ಗೂಡು ಕಟ್ಟಬಲ್ಲದು. ಮೂರನೇ ಮಹಡಿಯ ವಾರ್ಡ್‌ರೋಬಿಗೆ ಗೆದ್ದಲು ಹೇಗೆ ಬಂತು ಎಂದು ಅಚ್ಚರಿಪಡುವವರು ಪಕ್ಕದ ಬಚ್ಚಲಿನ ಗೋಡೆಯನ್ನು ಮುಟ್ಟಿ ನೋಡಬೇಕು.

ಇವೆರಡಲ್ಲದೆ ಒಣಮರದ ಗೆದ್ದಲೂ ಉಂಟು. ಅದಕ್ಕೆ ಮಣ್ಣೂ ಬೇಡ, ತೇವವೂ ಬೇಡ, ಕುರ್ಚಿಯ ಕಾಲಿನೊಳಗೇ ಜೀವನ ಮುಗಿಸುತ್ತದೆ. ಕೆಳಗೆ ರವೆಯಂಥ ಕಾಳು ಉದುರಿ ಗುಪ್ಪೆಯಾಗಿದ್ದರೆ, ಎಲ್ಲೂ ಮಣ್ಣಿನ ಗುರುತಿಲ್ಲದಿದ್ದರೆ ಅದು ಇದೇ. ಆಗ ನೆಲಕ್ಕೆ ಔಷಧಿ ಸುರಿದು ಪ್ರಯೋಜನವಿಲ್ಲ, ಮದ್ದು ಮರಕ್ಕೇ ಆಗಬೇಕು.

ನೆಲದ ಗೆದ್ದಲಿನ ಮೊದಲ ಸುಳಿವು ಗೋಡೆಯ ಮೇಲಿನ ಮಣ್ಣಿನ ಗೆರೆ. ಪೆನ್ಸಿಲ್ ದಪ್ಪದ ಈ ಕೊಳವೆ ಮೂಲೆಗಳಲ್ಲಿ, ಕ್ಯಾಲೆಂಡರಿನ ಹಿಂದೆ, ಮೀಟರ್ ಬೋರ್ಡಿನ ಮರದ ಬಳಿ, ಸ್ಕರ್ಟಿಂಗ್ ಟೈಲಿನ ಸಂದಿನಲ್ಲಿ ಕಾಣಿಸುತ್ತದೆ. ಗೆದ್ದಲಿನ ಚರ್ಮ ತೆಳು, ಒಣಗಾಳಿಗೆ ಬಿದ್ದರೆ ಸಾಯುತ್ತದೆ. ಅದಕ್ಕೇ ಅದು ಹೋದಲ್ಲೆಲ್ಲ ಮೇಲೊಂದು ಮಾಡು ಕಟ್ಟಿಕೊಂಡೇ ಹೋಗುತ್ತದೆ.

ಕೊಳವೆ ಕಂಡ ಕೂಡಲೇ ಪೊರಕೆ ತೆಗೆದುಕೊಳ್ಳುವುದು ಎಲ್ಲರ ಅಭ್ಯಾಸ. ಅದರ ಬದಲು ಒಂದು ಟಾರ್ಚು ಹಿಡಿದು, ನಡುವೆ ಒಂದು ಬೆರಳಿನಷ್ಟು ಜಾಗವನ್ನು ಮಾತ್ರ ಕೆರೆದು ನೋಡಬೇಕು. ಗೂಡು ಜೀವಂತವಾಗಿದ್ದರೆ ಮಸುಕು ಬಿಳಿಯ ಕೆಲಸಗಾರರು ಎರಡೂ ಕಡೆಗೆ ಚದುರುತ್ತಾರೆ. ಕ್ಷಣದಲ್ಲೇ ಕಂದುತಲೆಯ ಸೈನಿಕರು ಒಡೆದ ಬಾಯಿಗೆ ಬಂದು, ಕತ್ತರಿಯಂಥ ದವಡೆ ಹೊರಗೆ ಚಾಚಿ ಸಾಲಾಗಿ ನಿಲ್ಲುತ್ತಾರೆ. ಗಲಾಟೆ ಅಡಗಿದ ಮೇಲೆ ಕೆಲಸಗಾರರು ಒಬ್ಬೊಬ್ಬರೇ ಮರಳುತ್ತಾರೆ. ಪ್ರತಿಯೊಬ್ಬರ ಬಾಯಲ್ಲೂ ಸಾಸಿವೆಗಿಂತ ಚಿಕ್ಕ ಒದ್ದೆ ಮಣ್ಣಿನುಂಡೆ. ಅದನ್ನು ಅಂಚಿಗೆ ಒತ್ತಿ, ತಲೆ ಅಲ್ಲಾಡಿಸಿ ಕೂರಿಸಿ, ಹಿಂದೆ ಸರಿಯುತ್ತಾರೆ. ಇನ್ನೊಬ್ಬರು ಬರುತ್ತಾರೆ. ಮರುದಿನ ನೋಡಿದರೆ ಕೆರೆದ ಜಾಗದಲ್ಲಿ ಕಡುಬಣ್ಣದ ಹಸಿ ತೇಪೆ ಇರುತ್ತದೆ. ನಾಲ್ಕು ದಿನವಾದರೂ ತೇಪೆ ಬೀಳದಿದ್ದರೆ, ಮಣ್ಣು ಪುಡಿಪುಡಿಯಾಗಿ ಉದುರಿದರೆ ಅದು ಬಿಟ್ಟುಹೋದ ದಾರಿ. ಆದರೂ ಪಕ್ಕದಲ್ಲಿ ಹೊಸದು ಎದ್ದಿದೆಯೇ ನೋಡಬೇಕು.

ಎರಡನೆಯ ಪರೀಕ್ಷೆ ಕಿವಿಯದು. ಬಾಗಿಲ ಚೌಕಟ್ಟನ್ನು ಬುಡದಿಂದ ಎದೆಮಟ್ಟದವರೆಗೆ ಬೆರಳ ಗೆಣ್ಣಿನಿಂದ ಬಡಿದು ನೋಡಿದರೆ ಗಟ್ಟಿ ಮರ ಟಕ್ ಎನ್ನುತ್ತದೆ, ತಿಂದ ಮರ ಡಬ್ ಎನ್ನುತ್ತದೆ. ಗೆದ್ದಲು ಗೋಡೆಯ ಕಡೆಯಿಂದ ತಿನ್ನುವುದರಿಂದ ಪಾಲಿಶ್ ಮಾಡಿದ ಮುಖ ಕೊನೆಯವರೆಗೂ ಹೊಳೆಯುತ್ತಲೇ ಇರುತ್ತದೆ. ಸ್ಕ್ರೂಡ್ರೈವರ್ ಒತ್ತಿದಾಗ ಒಳಕ್ಕೆ ಇಳಿದರೆ ಅಲ್ಲಿ ಉಳಿದಿರುವುದು ಬಣ್ಣದ ಪದರ ಮಾತ್ರ.

ಗೆದ್ದಲಿಗೆ ಬೇಕಾದದ್ದು ಮರದಲ್ಲಿರುವ ಸೆಲ್ಯುಲೋಸ್. ಕಾಗದ, ರಟ್ಟು, ಹತ್ತಿಬಟ್ಟೆ, ಗೋಣಿ ಎಲ್ಲದರಲ್ಲೂ ಅದೇ ಇದೆ. ಉತ್ತರ ಪ್ರದೇಶದ ಬಾರಾಬಂಕಿ ಜಿಲ್ಲೆಯ ಒಂದು ಬ್ಯಾಂಕ್ ಶಾಖೆಯಲ್ಲಿ 2011ರಲ್ಲಿ ಸುಮಾರು 1 ಕೋಟಿ ರೂಪಾಯಿಯ ನೋಟುಗಳನ್ನು ಗೆದ್ದಲು ತಿಂದು ಮುಗಿಸಿತ್ತು. ನೋಟು ಹತ್ತಿಯ ನಾರಿನದು. ಮನೆಯ ಅಟ್ಟದಲ್ಲಿ ರಟ್ಟಿನ ಪೆಟ್ಟಿಗೆಯಲ್ಲಿಟ್ಟ ಪಹಣಿ, ಕ್ರಯಪತ್ರ, ಮದುವೆ ಆಲ್ಬಮ್‌ಗಳಿಗೂ ಅದೇ ಗತಿ ಆಗಬಹುದು. ಕಾಗದಪತ್ರ ಸ್ಟೀಲ್ ಬೀರುವಿನಲ್ಲಿರಲಿ, ಬೀರು ಗೋಡೆಗೆ ತಾಗದಿರಲಿ.

ದಾರಿ ಕಡಿಯುವ ಕೆಲಸಕ್ಕೆ ಮೊದಲು ಬೇಕಾದದ್ದು ಔಷಧಿಯಲ್ಲ, ಮನೆಯ ಸುತ್ತ ಒಂದು ಪ್ರದಕ್ಷಿಣೆ. ಗೋಡೆಗೆ ಒರಗಿಸಿದ ಸೌದೆ, ತೆಂಗಿನ ಗರಿ, ಮಟ್ಟೆ, ಹಳೆಯ ಹಲಗೆ, ರಟ್ಟಿನ ರಾಶಿ ಮೊದಲು ದೂರ ಹೋಗಬೇಕು. ಕಲ್ಪತರು ನಾಡಿನ ಹಿತ್ತಿಲಲ್ಲಿ ಇದು ಸಣ್ಣ ಕೆಲಸವಲ್ಲ, ಒಲೆಗೂ ಬಚ್ಚಲಿಗೂ ಬೇಕಾದ ಸರಕು ಅದು. ನಾಲ್ಕು ಸಿಮೆಂಟ್ ಇಟ್ಟಿಗೆಯ ಮೇಲೆ ಕಬ್ಬಿಣದ ಸರಳು ಹಾಸಿ, ಗೋಡೆಯಿಂದ ಒಂದು ಮಾರು ದೂರದಲ್ಲಿ ಪೇರಿಸಿದರೂ ಸಾಕು. ಹೂವಿನ ಪಾತಿ ಗೋಡೆಗೆ ಅಂಟಿಕೊಂಡಿದ್ದರೆ ದಿನವೂ ಹಾಕುವ ನೀರು ಪಾಯವನ್ನು ನೆನೆಸುತ್ತದೆ. ಮಣ್ಣು ಏರಿಸಿ ಏರಿಸಿ ತಳಪಾಯದ ಪಟ್ಟಿಯೇ ಮುಚ್ಚಿಹೋಗಿದ್ದರೆ ಗೆದ್ದಲಿಗೆ ನೇರ ಹೊಸ್ತಿಲಿಗೇ ಮೆಟ್ಟಿಲು ಹಾಕಿಕೊಟ್ಟಂತೆ. ಎಸಿಯ ನೀರು, ತಾರಸಿಯ ಪೈಪು, ಸೋರುವ ನಲ್ಲಿ ಗೋಡೆಯ ಬುಡದಲ್ಲಿ ಇಂಗದಂತೆ ಮಾಡಬೇಕು. ಒದ್ದೆ ಒಣಗಿದರೆ ಗೆದ್ದಲಿನ ಅರ್ಧ ಬಲ ಅಲ್ಲೇ ಮುರಿಯುತ್ತದೆ.

ಹೊಸದಾಗಿ ಕಟ್ಟುವವರಿಗೆ ಅವಕಾಶ ಇನ್ನೂ ದೊಡ್ಡದು. ಸೈಟಿನಲ್ಲಿ ಹಳೆಯ ತೆಂಗಿನ ಬೊಡ್ಡೆ, ಬೇರು ಇದ್ದರೆ ಪಾಯಕ್ಕೆ ಮೊದಲು ಪೂರ್ತಿ ಕಿತ್ತು ತೆಗೆಸಬೇಕು. ಸೆಂಟ್ರಿಂಗ್ ಹಲಗೆಯ ಚೂರು, ಸಿಮೆಂಟಿನ ಕಾಗದದ ಚೀಲ, ಮರದ ಗೂಟಗಳನ್ನು ನೆಲ ತುಂಬಿಸುವ ಮಣ್ಣಿನಲ್ಲಿ ಹೂಳಿಬಿಡುವುದು ಎಷ್ಟೋ ಕಡೆ ನಡೆಯುತ್ತದೆ. ಟೈಲಿನ ಕೆಳಗೆ ಗೆದ್ದಲಿಗೆ ಹಾಕಿದ ಮೊದಲ ಎಲೆ ಅದು. ಚೌಕಟ್ಟಿಗೆ ತೇಗವೋ ಹೊನ್ನೆಯೋ ತಂದರಾಯಿತೆಂದು ಕೂರುವಂತಿಲ್ಲ. ಗೆದ್ದಲನ್ನು ತಡೆಯುವುದು ಮರದ ಚೇಗು, ಸುತ್ತಲಿನ ಬಿಳಿ ಭಾಗವಲ್ಲ. ಹಳೆಯ ಮನೆಗಳ ತೊಲೆ, ತೀರು ನೂರು ವರ್ಷ ಬಾಳಿದ್ದು ಚೇಗಿನ ಬಲದಿಂದ. ಈಗಿನ ಪಾರ್ಟಿಕಲ್ ಬೋರ್ಡು, ಅಗ್ಗದ ಪ್ಲೈವುಡ್ಡಿಗೆ ಆ ಶಕ್ತಿ ಇಲ್ಲ.

ಕಟ್ಟುವ ಹಂತದಲ್ಲೇ ಮಣ್ಣಿಗೆ ಔಷಧಿ ಹಾಕಿಸುವುದಕ್ಕೆ, ಕಟ್ಟಿದ ಮೇಲೆ ಚಿಕಿತ್ಸೆ ಮಾಡುವುದಕ್ಕೆ ಭಾರತೀಯ ಮಾನಕ ಬ್ಯೂರೋದ ನಿಯಮವೇ ಇದೆ, ಐಎಸ್ 6313. ಅದರ ಮೂರು ಭಾಗಗಳಲ್ಲಿ ಮೊದಲನೆಯದು ಕಟ್ಟಡದ ರಚನೆ ಹೇಗಿರಬೇಕೆಂದು, ಎರಡನೆಯದು ಕಟ್ಟುವಾಗಿನ ಚಿಕಿತ್ಸೆ, ಮೂರನೆಯದು ಕಟ್ಟಿದ ಮನೆಯ ಚಿಕಿತ್ಸೆ. ಮನೆಯೊಳಗೆ ಗೋಡೆ ಮತ್ತು ನೆಲ ಕೂಡುವಲ್ಲಿ 12 ಮಿಲಿಮೀಟರಿನ ತೂತುಗಳನ್ನು 300 ಮಿಲಿಮೀಟರಿಗೆ ಒಂದರಂತೆ ಕೊರೆದು, ಮಣ್ಣು ಹೀರುವಷ್ಟು, ಹೆಚ್ಚೆಂದರೆ ತೂತಿಗೆ 1 ಲೀಟರಿನಂತೆ ದ್ರಾವಣ ಇಳಿಸಿ, ಮುಚ್ಚಬೇಕು. ಚೌಕಟ್ಟು ಗೋಡೆಗೆ ಸೇರುವಲ್ಲಿ 6 ಮಿಲಿಮೀಟರಿನ ಓರೆ ತೂತು. ಹೊರಗೆ ಗೋಡೆಗುಂಟ ಮಣ್ಣಿಗೂ ದ್ರಾವಣ ಇಳಿಸಬೇಕು. ಮನೆಯ ಸುತ್ತ ಎಲ್ಲೂ ಕಡಿಯದ ಬೇಲಿ ಆಗಬೇಕೆಂಬುದು ಇದರ ತತ್ವ. ಎರಡು ಮೀಟರ್ ಬಿಟ್ಟುಹೋದರೆ ಗೆದ್ದಲು ಆ ಎರಡು ಮೀಟರನ್ನೇ ಹುಡುಕಿಕೊಳ್ಳುತ್ತದೆ.

ಔಷಧಿಯ ಪ್ರಮಾಣವೂ ಬಾಯಿಮಾತಿನದಲ್ಲ. ಕ್ಲೋರ್‌ಪೈರಿಫಾಸ್ 20 ಇಸಿ ಆದರೆ 1 ಲೀಟರಿಗೆ 19 ಲೀಟರ್ ನೀರು, ಶೇ 1ರ ದ್ರಾವಣ. ಇಮಿಡಾಕ್ಲೋಪ್ರಿಡ್ 30.5 ಎಸ್‌ಸಿ ಆದರೆ ಶೇ 0.075, ಅಂದರೆ ಲೀಟರ್ ನೀರಿಗೆ ಸುಮಾರು 2.1 ಮಿಲಿಲೀಟರ್. ಇಮಿಡಾಕ್ಲೋಪ್ರಿಡ್‌ಗೆ ವಾಸನೆ ಇಲ್ಲದ್ದರಿಂದ ಗೆದ್ದಲು ಅದನ್ನು ತಿಳಿಯದೆ ದಾಟುತ್ತದೆ, ಮೈಗೆ ಮೆತ್ತಿಕೊಂಡು ಗೂಡಿಗೂ ಒಯ್ಯುತ್ತದೆ. ವಾಣಿಜ್ಯವಾಗಿ ಕೀಟ ನಿಯಂತ್ರಣ ಮಾಡುವವರಿಗೆ 1968ರ ಕೀಟನಾಶಕ ಕಾಯ್ದೆಯ ಕೆಳಗಿನ ನಿಯಮಗಳಂತೆ ಪರವಾನಗಿ ಬೇಕು. ಅದನ್ನು ಕೇಳಿ ನೋಡಲು ಸಂಕೋಚಪಡಬಾರದು. ಸೀಲು ಒಡೆಯದ ಡಬ್ಬಿ ಮನೆಯವರ ಕಣ್ಣೆದುರೇ ತೆರೆಯಲಿ, ಅಳತೆಯೂ ಎದುರೇ ಆಗಲಿ. ಡಬ್ಬಿಯ ಮೇಲಿನ ತ್ರಿಕೋನದ ಬಣ್ಣ ನೋಡಬೇಕು. ಕೆಂಪು ಅತ್ಯಂತ ವಿಷ, ನಂತರ ಹಳದಿ, ನೀಲಿ, ಹಸಿರು.

ವಿಷದ ವಿಷಯದಲ್ಲಿ ನಮ್ಮ ಹಿಂದಿನ ಪೀಳಿಗೆ ಕಲಿತ ಪಾಠ ದುಬಾರಿಯದು. ಆಲ್ಡ್ರಿನ್, ಕ್ಲೋರ್ಡೇನ್, ಹೆಪ್ಟಾಕ್ಲೋರ್ ಎಂಬ ಕೀಟನಾಶಕಗಳನ್ನು ಒಮ್ಮೆ ಹಾಕಿದರೆ ದಶಕಗಟ್ಟಲೆ ಗೆದ್ದಲು ಸುಳಿಯುತ್ತಿರಲಿಲ್ಲ. ಆ ದಶಕಗಳಲ್ಲಿ ಅವು ಮಣ್ಣಿನಲ್ಲಿ, ನೀರಿನಲ್ಲಿ, ತಾಯಿಯ ಹಾಲಿನಲ್ಲಿ ಅಳಿಯದೆ ಕೂತಿದ್ದವು. ಭಾರತ 1996ರಲ್ಲಿ ಇವನ್ನು ನಿಷೇಧಿಸಿತು. 2001ರ ಸ್ಟಾಕ್‌ಹೋಮ್ ಒಪ್ಪಂದ ಜಗತ್ತಿನಾದ್ಯಂತ ಇವುಗಳಿಗೆ ತಡೆ ಹಾಕಿತು. ಕ್ಲೋರ್‌ಪೈರಿಫಾಸ್‌ನ ಮನೆಬಳಕೆಯನ್ನು ಅಮೆರಿಕ 2000ದಿಂದಲೇ ಬಹುಪಾಲು ಕೈಬಿಡುತ್ತಾ ಬಂತು. 2025ರಲ್ಲಿ ಅದೂ ಕೆಲವು ವಿನಾಯಿತಿಗಳೊಂದಿಗೆ ಸ್ಟಾಕ್‌ಹೋಮ್ ಪಟ್ಟಿ ಸೇರಿತು. ಮನೆಯಲ್ಲಿ ಕೈಗೂಸು, ಬಸುರಿ ಇದ್ದರೆ ಯಾವ ಔಷಧಿ ಎಂದು ಮೊದಲೇ ಕೇಳಿ, ನೆಲ ಪೂರ್ತಿ ಒಣಗಿ ವಾಸನೆ ಹೋಗುವವರೆಗೆ ಅವರನ್ನು ಬೇರೆಡೆ ಇರಿಸಬೇಕು. ಸಂಪು, ತೆರೆದ ಬಾವಿ ಗೋಡೆಗೆ ಹತ್ತಿರವಿದ್ದರೆ ಆ ಬದಿಗೆ ದ್ರಾವಣ ಇಳಿಸಲೇಬಾರದು.

ಸೀಮೆಎಣ್ಣೆ, ಪೆಟ್ರೋಲು, ಗ್ಯಾರೇಜಿನ ಕರಿ ಆಯಿಲ್ ಸುರಿಯುವವರು ಇನ್ನೂ ಇದ್ದಾರೆ. ಮುಟ್ಟಿದ ಹುಳು ಸಾಯುತ್ತದೆ, ಗೂಡಿಗೆ ಸುದ್ದಿಯೂ ಮುಟ್ಟುವುದಿಲ್ಲ. ಬೆಂಕಿಯ ಅಪಾಯ ಮಾತ್ರ ಮನೆಯೊಳಗೆ ಉಳಿಯುತ್ತದೆ. ಬೋರಾನ್ ಲವಣದ ದ್ರಾವಣವನ್ನು ಬಣ್ಣ ಹಚ್ಚದ ಬರಿ ಮರಕ್ಕೆ ಕುಡಿಸುವುದು ಅದಕ್ಕಿಂತ ಎಷ್ಟೋ ಮೇಲು. ಆದರೆ ಅದು ಮಳೆಗೆ ತೊಳೆದುಹೋಗುವುದರಿಂದ ಒಳಗಿನ ಮರಕ್ಕೆ ಮಾತ್ರ.

ಬೇಲಿ ಹಾಕುವ ಬದಲು ಊಟ ಹಾಕುವ ದಾರಿಯೊಂದೂ ಇದೆ. ಫ್ಲಾರಿಡಾದ ವಿಜ್ಞಾನಿ ನಾನ್-ಯಾವ್ ಸು ರೂಪಿಸಿ 1995ರಲ್ಲಿ ಮಾರುಕಟ್ಟೆಗೆ ಬಂದ ಆಮಿಷ ಪದ್ಧತಿ ಅದು. ಮರದ ತಿರುಳಿನಲ್ಲಿ ಹೆಕ್ಸಾಫ್ಲುಮ್ಯುರಾನ್ ಎಂಬ ಪದಾರ್ಥ ಬೆರೆಸಿ ಮನೆಯ ಸುತ್ತ ನೆಲದಲ್ಲಿ ಹೂಳುತ್ತಾರೆ. ತಿಂದ ಕೆಲಸಗಾರರು ಬಾಯಿಂದ ಬಾಯಿಗೆ ಅದನ್ನು ಹಂಚುತ್ತಾರೆ. ಪೊರೆ ಕಳಚುವ ಸಮಯದಲ್ಲಿ ಹೊಸ ಚರ್ಮ ಕಟ್ಟಿಕೊಳ್ಳಲಾಗದೆ ಅವು ಸಾಯುತ್ತವೆ, ತಿಂಗಳುಗಳಲ್ಲಿ ಗೂಡೇ ಬರಿದಾಗುತ್ತದೆ. ಮಣ್ಣಿಗೆ ವಿಷ ಸುರಿಯುವ ಪ್ರಮೇಯವಿಲ್ಲ. ಇದು ಮರ ತಿನ್ನುವ ಕಾಪ್ಟೊಟರ್ಮಿಸ್ ಬಗೆಗೆ ಚೆನ್ನಾಗಿ ಒಗ್ಗುತ್ತದೆ, ಅಣಬೆ ಬೆಳೆಯುವ ಹುತ್ತದ ಗೆದ್ದಲಿಗೆ ಅಷ್ಟಾಗಿ ಅಲ್ಲ. ಯಾವ ಗೆದ್ದಲು ಎಂದು ಮೊದಲು ಗುರುತಿಸಬೇಕು ಎನ್ನುವುದಕ್ಕೆ ಇದೇ ಕಾರಣ.

ತೋಟದ ಮೂಲೆಯ ಹುತ್ತದ ಮೇಲೆ ಈ ಯಾವ ಅಸ್ತ್ರವೂ ಬೇಡ. ಬಿದ್ದ ಗರಿ, ಒಣಗಿದ ಕಡ್ಡಿಯನ್ನು ಮಣ್ಣಿಗೆ ಮರಳಿಸುವುದು, ಗಟ್ಟಿ ನೆಲದಲ್ಲಿ ನೀರಿಂಗಲು ದಾರಿ ಕೊರೆಯುವುದು ಅದೇ ಗೆದ್ದಲು. ಎಳೆಯ ತೆಂಗಿನ ಸಸಿಗೆ ಹತ್ತಿದಾಗ ಮಾತ್ರ ಸಸಿಮಡಿಯಲ್ಲಿ ಕ್ರಮ ಕೈಗೊಳ್ಳಬೇಕು. ಅದಕ್ಕೆ ಕಾಸರಗೋಡಿನ ಕೇಂದ್ರೀಯ ತೋಟ ಬೆಳೆಗಳ ಸಂಶೋಧನಾ ಸಂಸ್ಥೆಯ ಶಿಫಾರಸುಗಳಿವೆ.

ಚಿಕಿತ್ಸೆ ಮುಗಿಸಿ ಡ್ರಿಲ್ಲಿಂಗ್‌ನವರು ಹೊರಟ ಮೇಲೆ ಮನೆಯವರಿಗೆ ಒಂದು ಕೆಲಸ ಉಳಿಯುತ್ತದೆ. ಎಲ್ಲೆಲ್ಲಿ ಮಣ್ಣಿನ ಗೆರೆ ಇತ್ತೋ ಅಲ್ಲೆಲ್ಲ ಅದನ್ನು ಪೂರ್ತಿ ಒರೆಸಿ, ಪಕ್ಕದಲ್ಲಿ ಪೆನ್ಸಿಲಿನಿಂದ ತಾರೀಕು ಬರೆದಿಡಬೇಕು. ಒಂದು ವಾರಕ್ಕೆ, ಒಂದು ತಿಂಗಳಿಗೆ, ಆಮೇಲೆ ಮುಂದಿನ ಭರಣಿ ಮಳೆ ಬಿದ್ದ ಮರುದಿನ ಬೆಳಗ್ಗೆ ಟಾರ್ಚು ಹಿಡಿದು ಅದೇ ಗುರುತುಗಳ ಬಳಿ ಹೋಗಬೇಕು. ತಾರೀಕಿನ ಪಕ್ಕ ಹಸಿ ಮಣ್ಣು ಕಂಡರೆ ವಾರಂಟಿ ಪತ್ರ ಹೊರಗೆ ತೆಗೆದು, ಅದೇ ದಿನ ಫೋನ್ ಮಾಡಬೇಕು.